ಕಿರುನುಡಿಗಳ ಎರಡು ಮುಖ: ಆಂಗ್ಲಭಾಷೆಯಲ್ಲಿ ನಿಘಂಟಿನ ಅರ್ಥವೂ ಬಳಗದ ಅರ್ಥವೂ

ಆಂಗ್ಲಭಾಷೆಯನ್ನು ಕಲಿಯುವ ನಮ್ಮ ಹುಡುಗಿಯರು ಉದ್ದವಾದ ಶಬ್ದಗಳನ್ನು ಕಂಡರೆ ಅಂಜುತ್ತಾರೆ. ಗಿಡ್ಡ ಶಬ್ದಗಳನ್ನು ಕಂಡರೆ ನಿಶ್ಚಿಂತರಾಗುತ್ತಾರೆ. ವಿಚಾರ ಮಾಡಿ ನೋಡಿದರೆ ಇದು ತಿರುಗುಮುರುಗಾಗಿರಬೇಕಾಗಿತ್ತು. ‘ಫೋಟೋಸಿಂಥೆಸಿಸ್’ ಎಂಬ ಶಬ್ದವು ನೋಡುವುದಕ್ಕೆ ಎಷ್ಟು ಭಯಂಕರವಾಗಿದ್ದರೂ ಅದರ ಅರ್ಥವು ಒಂದೇ. ಲಂಡನ್ನಿನಲ್ಲಿಯೂ ಧಾರವಾಡದಲ್ಲಿಯೂ ಅದು ಬದಲಾಗದು. ‘ಸೆಟ್’, ‘ರನ್’, ‘ಕಟ್’, ‘ಫಿಕ್ಸ್’ ಎಂಬ ಕಿರುನುಡಿಗಳಾದರೋ ಮೊದಲನೆಯ ತರಗತಿಯ ಮಗುವಿಗೂ ಪರಿಚಿತವಾದವು. ಹಾಗಿದ್ದರೂ ಅವುಗಳ ಪೂರ್ಣ ಅರ್ಥವನ್ನು ಬಲ್ಲೆವೆಂದು ಎದೆ ತಟ್ಟಿ ಹೇಳಬಲ್ಲವರು ವಿರಳ. ೧೯೮೯ರಲ್ಲಿ ೨೦ ಸಂಪುಟಗಳಾಗಿ ಪ್ರಕಟವಾದ ಆಕ್ಸ್‌ಫರ್ಡ್ ಮಹಾನಿಘಂಟಿನ ಎರಡನೆಯ ಮುದ್ರಣದಲ್ಲಿ ಎಲ್ಲಕ್ಕಿಂತ ಹೆಚ್ಚು ಸ್ಥಳವನ್ನು ಆಕ್ರಮಿಸಿದ ಶಬ್ದವು ‘ಸೆಟ್’. ಅನಂತರ ಆ ನಿಘಂಟನ್ನು ಪರಿಷ್ಕರಿಸುತ್ತ ಬಂದ ಪಂಡಿತರು ‘ರನ್’ ಎಂಬ ಕ್ರಿಯಾಪದವೊಂದಕ್ಕೇ ೬೪೫ ಅರ್ಥಗಳನ್ನು ವಿಂಗಡಿಸಿದ್ದಾರೆ.

ಈ ಅರ್ಥಗಳಲ್ಲಿ ಕೆಲವು ಬರವಣಿಗೆಗೆ ಸೇರಿದವು. ಕೆಲವು ಬಾಯಿಮಾತಿಗೆ ಸೇರಿದವು. ಕೆಲವು ಯಾವುದೋ ಒಂದು ಕೂಟದೊಳಗೆ ಮಾತ್ರ ಸಲ್ಲತಕ್ಕವು. ಇವುಗಳ ಭೇದವನ್ನು ಅರಿಯದವಳು ನಿಘಂಟನ್ನು ಬಾಯಿಪಾಠ ಮಾಡಿದರೂ ಒಂದಿಲ್ಲೊಂದು ದಿನ ಎಡವುವಳು. ಆದುದರಿಂದ ನಮ್ಮ ಹಳೆಯ ವಿದ್ಯಾರ್ಥಿನಿಯರಿಗೂ, ಹೆಣ್ಣುಮಕ್ಕಳನ್ನು ಓದಿಸುತ್ತಿರುವ ತಾಯಿತಂದೆಗಳಿಗೂ ಈ ವಿಷಯವನ್ನು ಕೆಲವು ಉದಾಹರಣೆಗಳಿಂದ ವಿಶದಪಡಿಸಬೇಕೆಂದು ಬಯಸುತ್ತೇವೆ.

೧. ‘ಸ್ಲ್ಯಾಂಗ್’ ಎಂದರೇನು?

ಇಂಗ್ಲಿಷಿನವರು ‘ಸ್ಲ್ಯಾಂಗ್’ ಎಂದು ಕರೆಯುವುದನ್ನು ಕನ್ನಡದಲ್ಲಿ ‘ಗ್ರಾಮ್ಯ’ವೆಂದು ಭಾಷಾಂತರಿಸುವ ವಾಡಿಕೆಯುಂಟು. ಇದು ಅಷ್ಟಾಗಿ ಸರಿಯಲ್ಲ. ಗ್ರಾಮ್ಯವೆಂದರೆ ಹಳ್ಳಿಯವರ ಮಾತು. ಅದಕ್ಕೆ ತನ್ನದೇ ಆದ ಹಳಮೆಯೂ ವ್ಯಾಕರಣವೂ ಇರುತ್ತವೆ. ಸ್ಲ್ಯಾಂಗು ಹೆಚ್ಚಾಗಿ ಪಟ್ಟಣಗಳಲ್ಲಿ ಹುಟ್ಟುವಂಥದು. ಸಿಪಾಯಿಗಳು, ನಾವಿಕರು, ಸಂಗೀತಗಾರರು, ಕಳ್ಳರು, ವಿದ್ಯಾರ್ಥಿಗಳು, ಹೀಗೆ ಒಟ್ಟಾಗಿ ಬಾಳುವ ಒಂದೊಂದು ಬಳಗವೂ ತನ್ನವರನ್ನು ಗುರುತಿಸಿಕೊಳ್ಳುವುದಕ್ಕಾಗಿಯೂ, ಹೊರಗಿನವರಿಗೆ ತಿಳಿಯದಂತೆ ಮಾತಾಡುವುದಕ್ಕಾಗಿಯೂ, ಬೇಸರದ ಕೆಲಸದ ನಡುವೆ ನಗುವುದಕ್ಕಾಗಿಯೂ ಹಳೆಯ ಶಬ್ದಕ್ಕೆ ಹೊಸ ವೇಷವನ್ನು ತೊಡಿಸುತ್ತದೆ. ಆದಕಾರಣ ಈ ಲೇಖನದಲ್ಲಿ ಅದನ್ನು ‘ಬಳಗದ ಮಾತು’ ಎಂದು ಕರೆಯುವೆವು.

ಇದು ಇಂಗ್ಲಿಷಿಗೆ ಮಾತ್ರ ಅಂಟಿದ ಗುಣವಲ್ಲ. ‘ಆ ವ್ಯಾಪಾರಿಯು ನನಗೆ ಟೋಪಿ ಹಾಕಿದನು’ ಎಂದರೆ ಬಿಸಿಲಿಗೆ ಮರುಗಿ ತಲೆಯನ್ನು ಮುಚ್ಚಿದನೆಂದು ಯಾವ ಕನ್ನಡಿಗನೂ ತಿಳಿಯನು. ‘ಅವನು ಬರೀ ರೈಲು ಬಿಡುತ್ತಾನೆ’ ಎಂದರೆ ನಾವು ಅವನನ್ನು ರೈಲ್ವೆ ಇಲಾಖೆಯ ನೌಕರನೆಂದು ಭಾವಿಸುವುದಿಲ್ಲ. ‘ಕೈ ಹಿಡಿದನು’ ಎಂದರೆ ಆಸರೆಯಾದನು. ‘ಕೈ ಕೊಟ್ಟನು’ ಎಂದರೆ ನಡುನೀರಿನಲ್ಲಿ ಬಿಟ್ಟುಹೋದನು. ಕೈ, ಕೊಡು, ಹಾಕು, ಬಿಡು, ಇವೆಲ್ಲ ತೊಟ್ಟಿಲ ಮಗುವಿನ ಮಾತುಗಳು. ಆದರೂ ಪರದೇಶದಿಂದ ಬಂದು, ಒಂದೊಂದೇ ಶಬ್ದವನ್ನು ಕೋಶದಲ್ಲಿ ಹುಡುಕುತ್ತ ಕನ್ನಡವನ್ನು ಕಲಿಯುವವರು ಎಡವುವುದು ಇಲ್ಲಿಯೇ. ನಾವು ಇಂಗ್ಲಿಷಿನಲ್ಲಿ ಪಡುವ ಕಷ್ಟವೂ ಇದೇ.

೨. ನಿಘಂಟು ನ್ಯಾಯಾಧೀಶನೋ ಸಾಕ್ಷಿಯೋ?

‘ನಿಘಂಟಿನಲ್ಲಿ ಇದ್ದರೆ ಸರಿ, ಇಲ್ಲದಿದ್ದರೆ ತಪ್ಪು’ ಎಂಬ ನಂಬಿಕೆಯು ನಮ್ಮಲ್ಲಿ ಬಲವಾಗಿದೆ. ನಿಘಂಟುಗಳು ಹುಟ್ಟಿದ ಬಗೆಯನ್ನು ತಿಳಿದರೆ ಈ ನಂಬಿಕೆಯು ಸಡಿಲವಾದೀತು.

ಡಾಕ್ಟರ್ ಸ್ಯಾಮ್ಯುಯೆಲ್ ಜಾನ್ಸನ್ನರು ೧೭೫೫ರಲ್ಲಿ ತಮ್ಮ ಆಂಗ್ಲ ನಿಘಂಟನ್ನು ಎರಡು ದೊಡ್ಡ ಸಂಪುಟಗಳಲ್ಲಿ ಪ್ರಕಟಿಸಿದರು. ಅದರಲ್ಲಿ ೪೨,೦೦೦ಕ್ಕೂ ಮಿಕ್ಕ ಶಬ್ದಗಳಿದ್ದುವು. ಭಾಷೆಯನ್ನು ಕಟ್ಟಿಹಾಕಿ ಮುಂದೆ ಕೆಡದಂತೆ ಮಾಡಬಹುದೆಂದು ಅವರು ಮೊದಲು ಆಶಿಸಿದ್ದರು. ಆದರೆ ವರ್ಷಾನುಗಟ್ಟಲೆ ದುಡಿದ ಮೇಲೆ, ಇದು ಕೈಗೂಡದ ಆಸೆಯೆಂಬುದನ್ನು ತಮ್ಮ ಪೀಠಿಕೆಯಲ್ಲಿಯೇ ಒಪ್ಪಿಕೊಂಡರು. ಬಾಳುವ ಜನರ ಮಾತು ಬದಲಾಗುತ್ತಲೇ ಇರುವುದೆಂಬುದನ್ನು ಆ ಮಹಾಪಂಡಿತರು ಶ್ರಮದಿಂದ ಕಂಡುಕೊಂಡರು.

ಅನಂತರ ೧೮೫೭ರಲ್ಲಿ ಲಂಡನ್ನಿನ ಭಾಷಾಶಾಸ್ತ್ರ ಸಂಘದವರು ಇನ್ನೂ ದೊಡ್ಡದೊಂದು ನಿಘಂಟಿನ ಯೋಚನೆಯನ್ನು ಕೈಕೊಂಡರು. ೧೮೭೯ರಿಂದ ಜೇಮ್ಸ್ ಮರ್ರೆ ಎಂಬವರು ಅದರ ಸಂಪಾದಕರಾದರು. ಅವರು ಕೆಲಸ ಮಾಡಿದ್ದು ಕಬ್ಬಿಣದ ತಗಡಿನ ಒಂದು ಶೆಡ್ಡಿನಲ್ಲಿ. ಊರೂರುಗಳ ಓದುಗರು ಪುಸ್ತಕಗಳನ್ನು ಓದಿ, ಒಂದೊಂದು ಶಬ್ದವು ಯಾವ ವರ್ಷದಲ್ಲಿ, ಯಾರ ಬರಹದಲ್ಲಿ, ಯಾವ ಅರ್ಥದಲ್ಲಿ ಬಂದಿತೆಂಬುದನ್ನು ಚೀಟಿಗಳ ಮೇಲೆ ಬರೆದು ಕಳುಹಿಸಿದರು. ಹೀಗೆ ನೆರವಾದವರಲ್ಲಿ ಸ್ತ್ರೀಯರೂ ಇದ್ದರೆಂಬುದು ನಮಗೆ ಸಂತೋಷದ ಸಂಗತಿ. ಶಾಲೆಗಳಿಗಾಗಿ ಇಂಗ್ಲೆಂಡಿನ ಚರಿತ್ರೆಯನ್ನು ಬರೆದ ಎಡಿತ್ ಥಾಮ್ಸನ್ನರೂ ಅವರ ಸಹೋದರಿಯೂ ಸಾವಿರಾರು ಉದಾಹರಣೆಗಳನ್ನು ಕೂಡಿಸಿಕೊಟ್ಟರು. ಮರ್ರೆಯವರ ಪುತ್ರಿಯರೂ ಆ ಕಾರ್ಯದಲ್ಲಿ ದುಡಿದರು. ಮೊದಲನೆಯ ಭಾಗವು ೧೮೮೪ರಲ್ಲಿ ಹೊರಬಂದಿತು. ಮರ್ರೆಯವರು ೧೯೧೫ರಲ್ಲಿ ತೀರಿಕೊಂಡರು. ಗ್ರಂಥವು ಪೂರ್ತಿಯಾದುದು ೧೯೨೮ರಲ್ಲಿ.

ಇಲ್ಲಿ ಗಮನಿಸತಕ್ಕ ವಿಷಯವೇನೆಂದರೆ, ಆ ಓದುಗರಲ್ಲಿ ಒಬ್ಬರನ್ನೂ ‘ಈ ಶಬ್ದಕ್ಕೆ ಯಾವ ಅರ್ಥವಿರಬೇಕು?’ ಎಂದು ಕೇಳಲಿಲ್ಲ. ‘ಜನರು ಯಾವ ಅರ್ಥದಲ್ಲಿ ಇದನ್ನು ಬಳಸಿದ್ದಾರೆ?’ ಎಂದು ಮಾತ್ರ ಕೇಳಿದರು. ನಿಘಂಟು ತೀರ್ಪು ಕೊಡುವ ನ್ಯಾಯಾಧೀಶನಲ್ಲ. ಕಂಡುದನ್ನು ಕಂಡಂತೆ ನುಡಿಯುವ ಸಾಕ್ಷಿ. ಸಾಕ್ಷಿಯು ತಾನು ನೋಡಿದಷ್ಟನ್ನೇ ಹೇಳಬಲ್ಲನಷ್ಟೆ. ಆದುದರಿಂದ ನಿಘಂಟುಗಳು ಬಿಟ್ಟುಬಿಟ್ಟ ಬೀದಿಯ ಮಾತುಗಳನ್ನು ಕೂಡಿಸುವುದಕ್ಕೂ ವಿದ್ವಾಂಸರು ಮುಂದೆ ಬಂದರು. ಫ್ರಾನ್ಸಿಸ್ ಗ್ರೋಸರು ೧೭೮೫ರಲ್ಲಿಯೂ, ಎರಿಕ್ ಪಾರ್ಟ್ರಿಜರು ೧೯೩೭ರಲ್ಲಿಯೂ ಪ್ರಕಟಿಸಿದ ಬಳಗದ ಮಾತಿನ ಕೋಶಗಳು ಇಂದಿಗೂ ಆದರಣೀಯವಾಗಿವೆ.

೩. ಕೆಳಗಿನವು ಮೇಲೇರಿದುದು

ಒಂದು ಕಾಲದ ಕೀಳುಮಾತು ಇನ್ನೊಂದು ಕಾಲದ ಮರ್ಯಾದೆಯ ಮಾತಾಗುತ್ತದೆ. ಜನರ ಗುಂಪಿಗೆ ಹೇಳುವ ‘ಮಾಬ್’ ಎಂಬ ಶಬ್ದವು ಚಂಚಲವಾದ ಜನಜಂಗುಳಿ ಎಂಬರ್ಥದ ‘ಮೋಬಿಲೆ ವುಲ್ಗುಸ್’ ಎಂಬ ಲ್ಯಾಟಿನ್ ಮಾತಿನ ತುಂಡು. ಹೀಗೆ ಶಬ್ದಗಳ ಬಾಲವನ್ನು ಕತ್ತರಿಸುವ ಚಾಳಿಯನ್ನು ಜೋನಾಥನ್ ಸ್ವಿಫ್ಟರು ೧೭೧೦ರಲ್ಲಿ ಕಟುವಾಗಿ ಖಂಡಿಸಿದರು. ಸ್ವಿಫ್ಟರ ಕೋಪವು ಪುಸ್ತಕದಲ್ಲಿ ಉಳಿಯಿತು. ‘ಮಾಬ್’ ಎಂಬುದು ಭಾಷೆಯಲ್ಲಿ ಉಳಿಯಿತು. ಮಕ್ಕಳ ಬಾಯಲ್ಲಿ ನಿತ್ಯವೂ ಕೇಳುವ ‘ಫನ್’ ಎಂಬುದನ್ನು ಜಾನ್ಸನ್ನರು ಕೀಳು ಶಬ್ದವೆಂದು ಗುರುತುಹಾಕಿದ್ದರು. ಇಂದು ಯಾವ ಉಪಾಧ್ಯಾಯಿನಿಯೂ ಅದನ್ನು ಕೆಂಪು ಮಸಿಯಿಂದ ಹೊಡೆದುಹಾಕುವುದಿಲ್ಲ.

‘ಬಸ್ಸು’ ಎಂಬ ಶಬ್ದದ ಕಥೆಯು ಇನ್ನೂ ಸೊಗಸಾದುದು. ಲ್ಯಾಟಿನಿನಲ್ಲಿ ‘ಓಮ್ನಿಬುಸ್’ ಎಂದರೆ ‘ಎಲ್ಲರಿಗೆ’ ಎಂದರ್ಥ. ೧೮೨೯ರಲ್ಲಿ ಜಾರ್ಜ್ ಶಿಲಿಬೀರ್ ಎಂಬವನು ಲಂಡನ್ನಿನಲ್ಲಿ ಓಡಿಸಿದ ಕುದುರೆಯ ಗಾಡಿಗೆ ಈ ಹೆಸರಿತ್ತು. ಜನರು ಅವಸರದಿಂದ ‘ಓಮ್ನಿ’ಯನ್ನು ಬಿಟ್ಟು ‘ಬಸ್’ ಎಂಬ ಕೊನೆಯನ್ನು ಮಾತ್ರ ಇರಿಸಿಕೊಂಡರು. ಉಳಿದುದು ಚತುರ್ಥೀ ವಿಭಕ್ತಿಯ ಪ್ರತ್ಯಯದ ಬಾಲ ಮಾತ್ರ! ‘ಎಲ್ಲರಿಗೆ’ ಎಂಬುದರಲ್ಲಿ ‘ರಿಗೆ’ ಎಂಬಷ್ಟನ್ನು ಕತ್ತರಿಸಿ ‘ರಿಗೆ ಬಂತು, ಹತ್ತಿರಿ’ ಎಂದರೆ ಹೇಗೋ ಹಾಗೆ. ಆ ಬಾಲವೇ ಈಗ ಕರ್ನಾಟಕದ ಹಳ್ಳಿಹಳ್ಳಿಗೂ ಉಕಾರಾಂತವಾಗಿ ಬಂದು ಕನ್ನಡದ ಶಬ್ದವಾಗಿ ಕುಳಿತಿದೆ. ಎಲ್ಲರೂ ಒಪ್ಪಿಗೆಗೆ ಬಳಸುವ ‘ಓಕೆ’ ಎಂಬುದೂ ೧೮೩೯ರಲ್ಲಿ ಬಾಸ್ಟನ್ ಪಟ್ಟಣದ ಒಂದು ಪತ್ರಿಕೆಯಲ್ಲಿ ವಿನೋದಕ್ಕಾಗಿ ಕಾಣಿಸಿಕೊಂಡುದು. ‘ಎಲ್ಲವೂ ಸರಿ’ ಎಂಬರ್ಥದ ಎರಡು ಮಾತುಗಳನ್ನು ಬೇಕೆಂದೇ ತಪ್ಪು ಕಾಗುಣಿತದಲ್ಲಿ ಬರೆದು, ಅವುಗಳ ಮೊದಲಕ್ಷರಗಳನ್ನು ಕೂಡಿಸಿದ್ದರು. ಇದನ್ನು ಅಮೆರಿಕದ ವಿದ್ವಾಂಸರಾದ ಆಲನ್ ವಾಕರ್ ರೀಡರು ೧೯೬೦ರ ದಶಕದಲ್ಲಿ ಶೋಧಿಸಿ ತೋರಿಸಿದರು.

ಮೇಲೇರುವಂತೆ ಅರ್ಥಗಳು ಕೆಳಗಿಳಿಯುವುದೂ ಉಂಟು, ಅಡ್ಡಹಾದಿ ಹಿಡಿಯುವುದೂ ಉಂಟು. ‘ಸಿಲಿ’ ಎಂದರೆ ಈಗ ಪೆದ್ದು. ಅದರ ಮೂಲರೂಪಕ್ಕೆ ಧನ್ಯನೆಂಬ ಅರ್ಥವಿತ್ತು. ‘ನೈಸ್’ ಎಂದರೆ ಈಗ ಹಿತವಾದುದು. ಅದರ ಮೂಲವಾದ ಲ್ಯಾಟಿನ್ ಶಬ್ದಕ್ಕೆ ಅಜ್ಞಾನಿ ಎಂದರ್ಥ. ಎಲ್ಲದಕ್ಕೂ ‘ನೈಸ್’ ಎನ್ನುವ ಹುಡುಗಿಯನ್ನು ಜೇನ್ ಆಸ್ಟಿನ್ನರು ತಮ್ಮ ‘ನಾರ್ತ್ಯಾಂಗರ್ ಆಬೆ’ ಎಂಬ ಕಾದಂಬರಿಯಲ್ಲಿ ನವುರಾಗಿ ಹಾಸ್ಯಮಾಡಿದ್ದಾರೆ. ನಮ್ಮ ಶಾಲೆಯ ಹೆಸರಿನಲ್ಲಿಯೇ ಇರುವ ‘ಗರ್ಲ್’ ಎಂಬ ಶಬ್ದವು ಐದಾರುನೂರು ವರ್ಷಗಳ ಹಿಂದೆ ಗಂಡಾಗಲಿ ಹೆಣ್ಣಾಗಲಿ ಯಾವ ಮಗುವಿಗೂ ಸಲ್ಲುತ್ತಿತ್ತು!

೪. ಒಂದು ಮಾತಿನ ಬೆಲೆ

ಇದೆಲ್ಲ ಪಂಡಿತರ ವಿನೋದವೆಂದು ಯಾರಾದರೂ ಎಣಿಸಬಹುದು. ಆದರೆ ಕಿರುನುಡಿಯ ಎರಡು ಅರ್ಥಗಳ ನಡುವೆ ಜೀವಗಳು ಸಿಕ್ಕಿಬಿದ್ದ ಸಂದರ್ಭವೂ ಉಂಟು.

೧೯೫೧ರ ಏಪ್ರಿಲ್ ತಿಂಗಳಲ್ಲಿ ಕೊರಿಯಾದ ಯುದ್ಧವು ನಡೆಯುತ್ತಿತ್ತು. ಇಮ್ಜಿನ್ ನದಿಯ ಬಳಿ ಬ್ರಿಟಿಷರ ಒಂದು ಬ್ರಿಗೇಡು ಅಮೆರಿಕದ ಸೇನಾಪತಿಗಳ ಕೈಕೆಳಗೆ ಕಾವಲಿತ್ತು. ಸಂಖ್ಯೆಯಲ್ಲಿ ಬಹಳ ಮಿಗಿಲಾದ ಚೀನೀ ಸೈನ್ಯವು ಅವರ ಮೇಲೆ ಬಿದ್ದಿತು. ಗ್ಲೊಸ್ಟರ್‌ಶೈರಿನ ದಳವು ಒಂದು ಗುಡ್ಡದ ಮೇಲೆ ಸುತ್ತುವರಿಯಲ್ಪಟ್ಟಿತು. ಆ ಯುದ್ಧದ ಚರಿತ್ರೆಯನ್ನು ಬರೆದವರು ಹೇಳುವಂತೆ, ಸ್ಥಿತಿ ಹೇಗಿದೆಯೆಂದು ಅಮೆರಿಕದ ಸೇನಾಪತಿಯು ವಿಚಾರಿಸಿದಾಗ, ಬ್ರಿಟಿಷ್ ಬ್ರಿಗೇಡಿಯರರು ಪರಿಸ್ಥಿತಿಯು ಕೊಂಚ ‘ಸ್ಟಿಕಿ’ಯಾಗಿದೆ ಎಂದು ಉತ್ತರಕೊಟ್ಟರು. ನಿಘಂಟಿನ ಮೊದಲನೆಯ ಅರ್ಥದಲ್ಲಿ ‘ಸ್ಟಿಕಿ’ ಎಂದರೆ ಅಂಟಂಟಾದುದು. ಬ್ರಿಟಿಷ್ ಸೈನ್ಯಾಧಿಕಾರಿಗಳ ಬಳಗದಲ್ಲಿ, ಕಷ್ಟವನ್ನು ಹಿರಿದಾಗಿ ಹೇಳಬಾರದೆಂಬ ಅವರ ಶಿಸ್ತಿಗೆ ತಕ್ಕಂತೆ, ಆ ಮಾತಿನ ಅರ್ಥವು ‘ಪ್ರಾಣಾಪಾಯ ಒದಗಿದೆ’ ಎಂದು. ಅಮೆರಿಕದವನಿಗೆ ಅದು ‘ತುಸು ತೊಂದರೆಯಿದೆ, ನಿಭಾಯಿಸುತ್ತೇವೆ’ ಎಂದು ಕೇಳಿಸಿತು. ತಕ್ಕ ಸಮಯಕ್ಕೆ ಸಹಾಯವಾಗಲಿ ಹಿಂದೆಗೆಯುವ ಅಪ್ಪಣೆಯಾಗಲಿ ಬರಲಿಲ್ಲ. ೨೫ನೆಯ ತಾರೀಖಿನ ಹೊತ್ತಿಗೆ ಆ ದಳದಲ್ಲಿ ಬಹುಮಂದಿ ಸೆರೆಯಾಳುಗಳಾದರು, ಅನೇಕರು ಮಡಿದರು. ಯುದ್ಧದ ಸೋಲಿಗೆ ಕಾರಣಗಳು ಹಲವು. ಎಲ್ಲವನ್ನೂ ಒಂದು ಶಬ್ದದ ಮೇಲೆ ಹೊರಿಸುವುದು ನ್ಯಾಯವಲ್ಲ. ಆದರೆ ಇಬ್ಬರದೂ ಇಂಗ್ಲಿಷೇ ಮಾತೃಭಾಷೆಯಾಗಿದ್ದೂ ಹೀಗಾಯಿತೆಂಬುದು ನಮ್ಮನ್ನು ಎಚ್ಚರಿಸಬೇಕು.

ಇಂಥದೇ ಇನ್ನೊಂದು ಸಂಗತಿಯನ್ನು ವಿನ್ಸ್ಟನ್ ಚರ್ಚಿಲ್ಲರು ಎರಡನೆಯ ಮಹಾಯುದ್ಧದ ತಮ್ಮ ಚರಿತ್ರೆಯಲ್ಲಿ ಬರೆದಿದ್ದಾರೆ. ಒಂದು ಸಭೆಯಲ್ಲಿ ಬ್ರಿಟಿಷರು ಒಂದು ಕಾಗದವನ್ನು ‘ಟೇಬಲ್’ ಮಾಡಬೇಕೆಂದರು. ಅವರಲ್ಲಿ ಅದರ ಅರ್ಥವು ‘ಈಗಲೇ ಚರ್ಚೆಗೆ ತೆಗೆದುಕೊಳ್ಳುವುದು’, ಅಮೆರಿಕದವರಲ್ಲಿ ‘ಬದಿಗಿಡುವುದು’. ಎರಡು ಪಕ್ಷದವರಿಗೂ ಬೇಕಾದುದು ಒಂದೇ ಆಗಿದ್ದರೂ ಬಹಳ ಹೊತ್ತು ಬಿರುಸಿನ ವಾಗ್ವಾದವು ನಡೆಯಿತಂತೆ.

ಯುದ್ಧದ ಮಾತು ನಮಗೇಕೆ ಎನ್ನಬೇಡಿರಿ. ನಮ್ಮ ನಾಡಿನ ಎಷ್ಟೋ ಮಂದಿ ಹೆಣ್ಣುಮಕ್ಕಳು ದಾದಿಯರಾಗಿ ಇಂಗ್ಲೆಂಡಿನ ಆಸ್ಪತ್ರೆಗಳಲ್ಲಿ ಸೇವೆ ಮಾಡುತ್ತಿದ್ದಾರೆ. ಅಲ್ಲಿಯ ಮುದುಕಿಯೊಬ್ಬಳು ತನಗೆ ‘ಫನಿ ಟರ್ನ್’ ಬಂದಿತ್ತೆಂದರೆ ಅದರಲ್ಲಿ ತಮಾಷೆಯೂ ಇಲ್ಲ, ತಿರುವೂ ಇಲ್ಲ. ತಲೆಸುತ್ತು ಬಂದು ಬೀಳುವಂತಾಯಿತೆಂದು ಅವಳ ಅಭಿಪ್ರಾಯ. ‘ಫೀಲಿಂಗ್ ಸಿಕ್’ ಎಂದರೆ ಅಲ್ಲಿ ಸಾಮಾನ್ಯವಾಗಿ ವಾಂತಿ ಬರುವಂತಿದೆ ಎಂದು. ಅಮೆರಿಕದಲ್ಲಿ ಮೈಗೆ ಸ್ವಸ್ಥವಿಲ್ಲವೆಂದು ಮಾತ್ರ. ಇಲ್ಲಿ ಶಬ್ದಜ್ಞಾನವು ಶುಶ್ರೂಷೆಯ ಒಂದು ಅಂಗವಾಗುತ್ತದೆ.

೫. ನಮ್ಮ ಬಳಗದ ಇಂಗ್ಲಿಷು

ಬಳಗದ ಮಾತು ಪರರಲ್ಲಿ ಮಾತ್ರವೇ ಇದೆಯೆಂದು ತಿಳಿಯಬಾರದು. ಇಂಗ್ಲಿಷಿಗೆ ನಮ್ಮ ದೇಶವು ಕೊಟ್ಟ ಕಿರುನುಡಿಗಳು ಬಹಳ. ಹೆನ್ರಿ ಯೂಲರೂ ಎ. ಸಿ. ಬರ್ನೆಲ್ಲರೂ ಕೂಡಿ ರಚಿಸಿ, ೧೮೮೬ರಲ್ಲಿ ಪ್ರಕಟವಾದ ‘ಹಾಬ್ಸನ್-ಜಾಬ್ಸನ್’ ಎಂಬ ಕೋಶವು ಇಂಥವುಗಳ ಭಂಡಾರ. ಈ ಬರ್ನೆಲ್ಲರು ಮದ್ರಾಸು ಪ್ರಾಂತ್ಯದ ಸಿವಿಲ್ ಅಧಿಕಾರಿಗಳಾಗಿದ್ದವರು. ದಕ್ಷಿಣ ಭಾರತದ ಲಿಪಿಗಳ ಮೇಲಿನ ಅವರ ಗ್ರಂಥವು ೧೮೭೪ರಲ್ಲಿ ಅಚ್ಚಾದುದು ಮಂಗಳೂರಿನ ಬಾಸೆಲ್ ಮಿಶನ್ ಮುದ್ರಣಾಲಯದಲ್ಲಿ. ಕಿಟ್ಟೆಲ್ ಪಂಡಿತರ ಕನ್ನಡ-ಇಂಗ್ಲಿಷ್ ನಿಘಂಟು ೧೮೯೪ರಲ್ಲಿ ಹೊರಬಂದುದೂ ಆ ಊರಿನಿಂದಲೇ.

‘ಚಿಟ್’ ಎಂಬುದನ್ನು ನೋಡಿರಿ. ಕಾಗದದ ತುಂಡೆಂಬ ಅರ್ಥದಲ್ಲಿ ಅದು ನಮ್ಮ ಚೀಟಿಗೆ ಬಂಧುವಾದ ಹಿಂದೂಸ್ತಾನಿಯ ‘ಚಿಟ್ಠಿ’ಯಿಂದ ಹುಟ್ಟಿದುದು. ಆದರೆ ಇಂಗ್ಲಿಷಿನಲ್ಲಿ ಅದೇ ಕಾಗುಣಿತದ ಇನ್ನೊಂದು ಹಳೆಯ ‘ಚಿಟ್’ ಇದೆ. ಅದಕ್ಕೆ ಮೊದಲು ಪ್ರಾಣಿಯ ಮರಿ ಎಂದೂ, ಆಮೇಲೆ ಎದುರು ಮಾತಾಡುವ ಎಳೆಯ ಹುಡುಗಿ ಎಂದೂ ಅರ್ಥ. ಉಪಾಧ್ಯಾಯಿನಿಯು ತರಿಸುವ ‘ಚಿಟ್’ ಬೇರೆ, ಹಳೆಯ ಕಾದಂಬರಿಯ ಅತ್ತೆ ಬಯ್ಯುವ ‘ಚಿಟ್’ ಬೇರೆ.

ನಾವು ದಿನವೂ ಆಡುವ ಕೆಲವು ಮಾತುಗಳು ಹೊರದೇಶದವರಿಗೆ ಒಗಟಾಗುತ್ತವೆ. ‘ನಾನು ಈ ಶಾಲೆಯಿಂದ ಪಾಸ್ ಔಟ್ ಆದೆನು’ ಎಂದು ನಮ್ಮ ಹಳೆಯ ವಿದ್ಯಾರ್ಥಿನಿಯರು ಅಭಿಮಾನದಿಂದ ಹೇಳಿಕೊಳ್ಳುತ್ತಾರೆ. ಇಂಗ್ಲೆಂಡಿನಲ್ಲಿ ಸೈನಿಕ ಶಿಕ್ಷಣವನ್ನು ಮುಗಿಸಿದವರಿಗೆ ಈ ಮಾತು ಸಲ್ಲುತ್ತದೆ. ಉಳಿದವರು ಹೇಳಿದರೆ ಮೂರ್ಛೆಹೋದರೆಂದು ಅರ್ಥ! ಆ ಹುಡುಗಿಗೆ ಪರೀಕ್ಷೆಯ ಬಿಸಿಯಲ್ಲಿ ಕಣ್ಣು ಕತ್ತಲೆ ಬಂದಿತೆಂದು ಅಲ್ಲಿಯವರು ಮರುಗಿಯಾರು. ಹಾಗೆಯೇ ‘ನನಗೊಂದು ಡೌಟ್ ಇದೆ’ ಎಂದು ನಮ್ಮ ಹುಡುಗಿಯು ಕೈಯೆತ್ತಿದರೆ, ಒಂದು ಪ್ರಶ್ನೆಯನ್ನು ಕೇಳಬೇಕೆಂದು ನಾವು ತಿಳಿಯುತ್ತೇವೆ. ಕನ್ನಡದ ‘ಸಂದೇಹ’ವು ಎರಡು ಅರ್ಥಗಳನ್ನೂ ಹೊರುವುದರಿಂದ ಈ ಬಳಕೆ ನಮಗೆ ಸಹಜವಾಗಿದೆ. ಪರದೇಶದ ಅಧ್ಯಾಪಕನಿಗಾದರೋ ‘ನೀವು ಹೇಳಿದುದನ್ನು ನಾನು ನಂಬುವುದಿಲ್ಲ’ ಎಂದು ಕೇಳಿಸೀತು. ಇವು ನಮ್ಮೊಳಗೆ ಆಡುವಾಗ ತಪ್ಪುಗಳಲ್ಲ. ನಮ್ಮ ಬಳಗದೊಳಗೆ ಚೆಲಾವಣೆಯಿರುವ ನಾಣ್ಯಗಳು. ಗಡಿಯನ್ನು ದಾಟುವಾಗ ಮಾತ್ರ ಬದಲಿಸಿಕೊಳ್ಳಬೇಕು.

೬. ಮಕ್ಕಳ ಮಾತೂ ಹಿರಿಯರ ಕಳವಳವೂ

ಈಗಿನ ಹುಡುಗಿಯರ ಮಾತನ್ನು ಕೇಳಿ ತಾಯಿತಂದೆಗಳು ಗಾಬರಿಗೊಳ್ಳುವುದುಂಟು. ‘ಕೂಲ್’ ಎಂದರೆ ತಂಪೆಂದು ನಾವು ಕಲಿಸಿದೆವು. ಮಗಳು ಬಿಸಿ ದೋಸೆಯನ್ನು ತಿಂದು ‘ಕೂಲ್’ ಎನ್ನುತ್ತಾಳೆ. ಮೆಚ್ಚುಗೆಯ ಈ ಅರ್ಥವನ್ನು ಹರಡಿದವರು ೧೯೩೦ ಮತ್ತು ೧೯೪೦ರ ದಶಕಗಳಲ್ಲಿ ಅಮೆರಿಕದ ಕರಿಯ ಜನಾಂಗದ ಜಾಜ್ ಸಂಗೀತಗಾರರು. ‘ಸಿಕ್’ ಎಂದರೆ ಅತ್ಯುತ್ತಮವೆಂಬುದು ಇಪ್ಪತ್ತನೆಯ ಶತಮಾನದ ಕಡೆಯ ಭಾಗದಿಂದ ತರುಣರಲ್ಲಿ ಹಬ್ಬಿದೆ. ಕೆಟ್ಟ ಶಬ್ದವು ಒಳ್ಳೆಯ ಅರ್ಥವನ್ನು ತಾಳುವುದು ವಿಪರೀತವೆನಿಸಬಹುದು. ಆದರೆ ‘ಊಟ ಭಯಂಕರ ಚೆನ್ನಾಗಿತ್ತು’ ಎಂದು ನಾವು ಹೇಳುವುದಿಲ್ಲವೇ? ಬೆಂಗಳೂರಿನವರು ಹೊಗಳಿಕೆಗೆ ಬಳಸುವ ‘ಸಖತ್’ ಎಂಬುದರ ಮೂಲಾರ್ಥವು ಕಠಿನವಾದುದು ಎಂದೇ ಅಲ್ಲವೇ?

ಆದುದರಿಂದ ಮಕ್ಕಳ ಬಾಯಲ್ಲಿ ಹೊಸ ಮಾತು ಬಂದೊಡನೆ ಗದರಿಸುವುದು ಉಚಿತವಲ್ಲ. ಗದರಿಸಿದರೆ ಮಾತು ನಿಲ್ಲದು. ನಮ್ಮ ಮುಂದೆ ಆಡುವುದು ಮಾತ್ರ ನಿಲ್ಲುವುದು. ಮಗಳ ಬಳಗವನ್ನು ತಿಳಿಯಬಯಸುವ ತಾಯಿಯು ‘ಅಮ್ಮಾ, ಅದರ ಅರ್ಥವೇನೇ?’ ಎಂದು ಅಕ್ಕರೆಯಿಂದ ಕೇಳಲಿ. ಅರ್ಥವನ್ನು ವಿವರಿಸುತ್ತ ಮಗಳು ತನ್ನ ಗೆಳತಿಯರ ಲೋಕವನ್ನೇ ತೆರೆದು ತೋರಿಸುವಳು. ಪರರನ್ನು ಹೀಯಾಳಿಸುವ ಇಲ್ಲವೆ ಹೆಂಗಸರನ್ನು ಹಗುರಮಾಡುವ ಮಾತಾಗಿದ್ದರೆ, ಅದು ಏಕೆ ಸಲ್ಲದೆಂಬುದನ್ನು ಅಂಥ ಹೊತ್ತಿನಲ್ಲಿಯೇ ತಿಳಿಹೇಳಬಹುದು.

೭. ನಾಲ್ಕು ನಿಯಮಗಳು

ಮೊದಲನೆಯದು: ನಿಘಂಟನ್ನು ನೋಡುವಾಗ ಮೊದಲನೆಯ ಅರ್ಥಕ್ಕೇ ನಿಲ್ಲದೆ, ಅರ್ಥಗಳ ಮುಂದೆ ಓರೆಯಕ್ಷರದಲ್ಲಿ ಅಚ್ಚಾದ ಗುರುತುಗಳನ್ನು ಓದಬೇಕು. ‘ಕಲೋಕ್ವಿಯಲ್’ ಇಲ್ಲವೆ ‘ಇನ್‌ಫಾರ್ಮಲ್’ ಎಂದಿದ್ದರೆ ಸಲುಗೆಯ ಮಾತು. ‘ಸ್ಲ್ಯಾಂಗ್’ ಎಂದಿದ್ದರೆ ಬಳಗದ ಮಾತು. ‘ಆರ್ಕೇಯಿಕ್’ ಎಂದಿದ್ದರೆ ಬಳಕೆ ತಪ್ಪಿದ ಹಳೆಯ ಮಾತು. ‘ವಲ್ಗರ್’ ಎಂದಿದ್ದರೆ ಸಭೆಯಲ್ಲಿ ಆಡಬಾರದ ಮಾತು.

ಎರಡನೆಯದು: ಕೆಲಸದ ಅರ್ಜಿ, ಪರೀಕ್ಷೆಯ ಉತ್ತರ, ಕೋರ್ಟಿನ ಕಾಗದ, ಹಿರಿಯರಿಗೆ ಬರೆಯುವ ಪತ್ರ, ಇವುಗಳಲ್ಲಿ ಯಾವ ಗುರುತೂ ಇಲ್ಲದ ಅರ್ಥವನ್ನೇ ಬಳಸಬೇಕು. ಓದುವವರು ಯಾವ ಬಳಗದವರೆಂದು ತಿಳಿಯದಿರುವಾಗ ಎಲ್ಲರಿಗೂ ಸಲ್ಲುವ ಮಾತೇ ಕ್ಷೇಮಕರ.

ಮೂರನೆಯದು: ಬಳಗದ ಮಾತನ್ನು ಅರಿಯುವುದರಲ್ಲಿ ಮುಂದಾಗಬೇಕು, ಆಡುವುದರಲ್ಲಿ ಹಿಂದಾಗಬೇಕು. ಎರಡನೆಯ ಮಹಾಯುದ್ಧಕ್ಕೆ ಮುಂಚಿನ ಇಂಗ್ಲಿಷ್ ಶಾಲಾಕಥೆಗಳ ಹುಡುಗಿಯರು ಬಲು ಚೆನ್ನಾದುದನ್ನು ‘ರಿಪಿಂಗ್’ ಎನ್ನುತ್ತಿದ್ದರು. ಇಂದು ಯಾರಾದರೂ ಹಾಗೆಂದರೆ ಕೇಳಿದವರು ನಗುವರು. ಬಳಗದ ಮಾತು ಹೂವಿನಂತೆ ಬೇಗ ಬಾಡತಕ್ಕದ್ದು.

ನಾಲ್ಕನೆಯದು: ತಿಳಿಯದಿದ್ದರೆ ನಾಚದೆ ಕೇಳಬೇಕು. ‘ನೀವು ಯಾವ ಅರ್ಥದಲ್ಲಿ ಹೇಳಿದಿರಿ?’ ಎಂಬ ಪ್ರಶ್ನೆಯು ಅಜ್ಞಾನದ ಗುರುತಲ್ಲ. ಇಮ್ಜಿನ್ ನದಿಯ ಬಳಿಯ ಆ ಸಂಭಾಷಣೆಯಲ್ಲಿ ಇಲ್ಲದೆ ಹೋದುದು ಇದೊಂದೇ ಪ್ರಶ್ನೆ.

ಅಭ್ಯಾಸ

ಮನೆಯಲ್ಲಿ ತಾಯಿಯೂ ಮಗಳೂ ಕೂಡಿ ಕುಳಿತು, ‘ಕಿಡ್’, ‘ಬಕ್’, ‘ಡೋ’, ‘ಬಂಕ್’, ‘ಮಗ್’ ಎಂಬ ಐದು ಶಬ್ದಗಳನ್ನು ಒಳ್ಳೆಯದೊಂದು ನಿಘಂಟಿನಲ್ಲಿ ಹುಡುಕಲಿ. ಮೇಕೆಯ ಮರಿ, ಗಂಡು ಜಿಂಕೆ, ಕಲಸಿದ ಹಿಟ್ಟು, ಮಲಗುವ ಹಲಗೆ, ನೀರು ಕುಡಿಯುವ ಪಾತ್ರೆ ಎಂಬ ಅರ್ಥಗಳು ಮೊದಲು ದೊರೆಯುವುವು. ಅಲ್ಲಿಗೆ ಪುಸ್ತಕವನ್ನು ಮುಚ್ಚದೆ ಇನ್ನೂ ನಾಲ್ಕು ಸಾಲು ಕೆಳಗಿಳಿದು, ಉಳಿದ ಅರ್ಥಗಳನ್ನೂ ಅವುಗಳ ಮುಂದಿನ ಗುರುತುಗಳನ್ನೂ ಬರೆದುಕೊಳ್ಳಲಿ. ಆಮೇಲೆ ಅಂಥವೇ ಐದು ಕನ್ನಡದ ಮಾತುಗಳನ್ನು ಮನೆಯ ಅಜ್ಜಿಯಿಂದ ಕೇಳಿ, ಪಕ್ಕದ ಸಾಲಿನಲ್ಲಿ ಬರೆಯಲಿ.